ರಾಜಿ ಡಿಕ್ರಿಗೆ ನಕ್ಷೆ ಬೇಕು

ಹೋಂಸ್ಟೇಗಳು ಬಂದ ಮೇಲೆ ಬಿಸಿಲೆ ಸೀಮೆಯ ಕಾಫಿ, ಏಲಕ್ಕಿ ಜಮೀನಿಗೆ ಕರಾರಿನ ದಿನ ಒಂದು ಬೆಲೆ, ನೋಂದಣಿಯ ಹೊತ್ತಿಗೆ ಇನ್ನೊಂದು. ಮುಂಗಡ ಪಡೆದವರು ಹಿಂದೆ ಸರಿಯುತ್ತಾರೆ, ಕೊಟ್ಟವರು ಸಕಲೇಶಪುರದ ಸಿವಿಲ್ ಕೋರ್ಟಿನ ಮೆಟ್ಟಿಲು ಹತ್ತುತ್ತಾರೆ. ವಾಯಿದೆ ಮೇಲೆ ವಾಯಿದೆ ಕಳೆದು, ದಣಿದು, ಕೊನೆಗೆ ರಾಜಿಗೆ ಕೂರುತ್ತಾರೆ. ಈ ರಾಜಿ ಡಿಕ್ರಿ ನಮ್ಮ ನ್ಯಾಯವ್ಯವಸ್ಥೆಯ ಒಳ್ಳೆಯ ಏರ್ಪಾಡುಗಳಲ್ಲಿ ಒಂದು. ಅದನ್ನು ಬರೆಯುವ ಅವಸರವನ್ನು ಮಾತ್ರ ಒಪ್ಪಲಾರೆ.

ಊರ ಹಿರಿಯರ ಮುಂದಿನ ಒಪ್ಪಂದಕ್ಕಿಲ್ಲದ ಬಲ ಇದಕ್ಕಿದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 3ನೇ ನಿಯಮದಂತೆ ರಾಜಿ ಕಾನೂನುಬದ್ಧವಾಗಿರಬೇಕು. ಅದು ಬರವಣಿಗೆಯಲ್ಲಿದ್ದು ಪಕ್ಷಕಾರರ ಸಹಿ ಇರಬೇಕೆಂಬ ಕಟ್ಟು 1976ರ ತಿದ್ದುಪಡಿಯಿಂದ ಬಂತು. ಮಾತಿಗೆ ತಪ್ಪಿದವರ ಮೇಲೆ ನೇರವಾಗಿ ಅಮಲ್ಜಾರಿ ಅರ್ಜಿ ಹಾಕಬಹುದು. ಮಾರುವವರು ಸಬ್‌ರಿಜಿಸ್ಟ್ರಾರ್ ಕಚೇರಿಗೆ ಬಾರದಿದ್ದರೆ ಅವರ ಪರವಾಗಿ ಕೋರ್ಟೇ ಕ್ರಯಪತ್ರ ಮಾಡಿಕೊಡುತ್ತದೆ. ಒಪ್ಪಿಗೆಯ ಡಿಕ್ರಿಗೆ 96(3)ನೇ ಕಲಮಿನಂತೆ ಮೇಲ್ಮನವಿಯಿಲ್ಲ. ರಾಜಿ ಅಕ್ರಮವೆಂದು ಹೊಸ ದಾವೆ ಹೂಡಲು 3ಎ ನಿಯಮ ಬಿಡುವುದಿಲ್ಲ. ಲೋಕ ಅದಾಲತ್ತಿನಲ್ಲಿ ಮುಗಿದರೆ ಕೋರ್ಟ್ ಶುಲ್ಕವೂ ವಾಪಸು ಬರುತ್ತದೆ.

ಇಷ್ಟು ಬಿಗಿಯಾದ ದಾಖಲೆಯ ಷೆಡ್ಯೂಲಿನಲ್ಲಿ ಹಲವು ಬಾರಿ ಇರುವುದೇನು? ಸರ್ವೆ ನಂಬರು, ಎಕರೆ ಗುಂಟೆ, ಪೂರ್ವಕ್ಕೆ ಹಳ್ಳ, ಪಶ್ಚಿಮಕ್ಕೆ ಕಾಡು ಎಂಬ ಚೆಕ್ಕುಬಂದಿ. ಬಿಸಿಲೆಯ ಮಳೆಗೆ ಹಳ್ಳ ದಂಡೆ ಕೊರೆದು ಜರುಗುತ್ತದೆ. ಪಶ್ಚಿಮದ ಕಾಡು ಮೀಸಲು ಅರಣ್ಯವಾಗಿದ್ದರೆ ಅದರ ಗಡಿಯನ್ನು ವಾದಿ, ಪ್ರತಿವಾದಿ ಕೂತು ತೀರ್ಮಾನಿಸಲಾಗದು. ಪೋಡಿಯಾಗದ ಜಂಟಿ ಪಹಣಿಯಲ್ಲಿ ‘ಎರಡು ಎಕರೆ ಬಿಡುತ್ತೇನೆ’ ಎಂದರೆ ಯಾವ ಎರಡು ಎಕರೆ? 11ಇ ನಕ್ಷೆ ಇಲ್ಲದೆ ಆ ತುಂಡಿನ ನೋಂದಣಿ ನಡೆಯದು. ತೋಟಕ್ಕೆ ಜೀಪು ಹೋಗುವ ದಾರಿ ಯಾರ ಪಾಲಿಗೆ, ಕಾಫಿ ಒಣಗಿಸುವ ಕಣ ಯಾರದು, ಗಿಡದ ಮೇಲಿರುವ ಫಸಲನ್ನು ಕೊಯ್ಯುವವರು ಯಾರು ಎಂಬುದನ್ನೂ ಬರೆಯದೆ ಬಿಟ್ಟರೆ ಕೋರ್ಟಿನಲ್ಲಿ ಮುಗಿದ ಜಗಳ ತೋಟದಲ್ಲಿ ಶುರುವಾಗುತ್ತದೆ.

ಇನ್ನೂ ಗಂಭೀರವಾದ ಲೋಪ, ಸಹಿ ಹಾಕಬೇಕಾದವರನ್ನು ಬಿಡುವುದು. ಪಿತ್ರಾರ್ಜಿತ ತೋಟದಲ್ಲಿ ಹೆಣ್ಣುಮಕ್ಕಳಿಗೆ ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯಿಂದ ಸಮಪಾಲಿದೆ. ಅಣ್ಣತಮ್ಮಂದಿರಷ್ಟೇ ಮಾಡಿಕೊಂಡ ರಾಜಿ ದಾವೆಯಲ್ಲೇ ಇಲ್ಲದ ಅಕ್ಕತಂಗಿಯರ ಪಾಲನ್ನು ಕಟ್ಟಿಹಾಕದು. ಪಕ್ಷಕಾರರಲ್ಲಿ ಅಪ್ರಾಪ್ತ ವಯಸ್ಕರಿದ್ದರೆ ಕೋರ್ಟಿನ ಅನುಮತಿ ಬೇಕೇ ಬೇಕು. ಪರಿಶಿಷ್ಟರಿಗೆ ಮಂಜೂರಾದ ಜಮೀನನ್ನು 1978ರ ಕರ್ನಾಟಕದ ಕಾಯ್ದೆಯ ಪ್ರಕಾರ ಸರ್ಕಾರದ ಅನುಮತಿಯಿಲ್ಲದೆ ಪರಭಾರೆ ಮಾಡುವಂತಿಲ್ಲ. ರಾಜಿಯ ಹೆಸರಿನಲ್ಲೂ ಆಗದು. ಒತ್ತುವರಿ ಜಾಗವನ್ನು ಷೆಡ್ಯೂಲಿಗೆ ಸೇರಿಸಿದರೆ ಸರ್ಕಾರದ ವಿರುದ್ಧ ಹಕ್ಕು ಹುಟ್ಟುವುದಿಲ್ಲ.

ನ್ಯಾಯಾಧೀಶರೂ ಇಲ್ಲಿ ಬರೀ ಸಾಕ್ಷಿಯಲ್ಲ. ಬನ್ವಾರಿಲಾಲ್ ಪ್ರಕರಣದಲ್ಲಿ 1992ರಷ್ಟು ಹಿಂದೆಯೇ ಸುಪ್ರೀಂ ಕೋರ್ಟು, ರಾಜಿಯನ್ನು ಯಾಂತ್ರಿಕವಾಗಿ ದಾಖಲಿಸಬಾರದೆಂದು ಹೇಳಿದೆ. ಅದಾಲತ್ತಿನ ದಿನ ಅರ್ಜಿಗಳ ಕಟ್ಟು ಮೇಜಿನ ಮೇಲಿರುವಾಗಲೂ ‘ಓದಿ ತಿಳಿದುಕೊಂಡಿರಾ?’ ಎಂದು ಕನ್ನಡದಲ್ಲಿ ಕೇಳಿ, ಷೆಡ್ಯೂಲನ್ನು ಓದಿ ಹೇಳುವುದಕ್ಕೆ ಕೆಲವು ನಿಮಿಷ ಸಾಕು.

ಆದ್ದರಿಂದ ರಾಜಿಗೆ ಹೊರಟ ಬಿಸಿಲೆ ಕಡೆಯ ರೈತರಲ್ಲಿ ನನ್ನದೊಂದು ಕೋರಿಕೆ: ಮೊದಲು ಸರ್ವೆಯರ್ ಕರೆಸಿ ಅಳತೆ ಮಾಡಿಸಿ. ಬಾಕಿ ಹಣ ಕೊಡುವ ತಾರೀಖು, ತಪ್ಪಿದರೆ ಏನೆಂಬುದು ಅರ್ಜಿಯಲ್ಲೇ ಇರಲಿ. ನಕ್ಷೆ ಜೊತೆಗಿಲ್ಲದಿದ್ದರೆ ಇನ್ನೊಂದು ವಾಯಿದೆ ಕೇಳಿ ಪಡೆಯಿರಿ. ಅಂದು ಸಹಿ ಹಾಕಬೇಡಿ.