ಶ್ರೀಮತಿ ಉಮಾಶ್ರೀಯವರ ಅಭಿನಯ

ನಗಿಸುವ ನಟಿಗೆ ಅಳಿಸುವ ಶಕ್ತಿಯಿರಲಾರದೆಂಬ ಭ್ರಮೆ ನಮ್ಮಲ್ಲಿ ಬೇರೂರಿದೆ. ಶ್ರೀಮತಿ ಉಮಾಶ್ರೀಯವರ ಕಲಾಜೀವನವೇ ಇದಕ್ಕೆ ತಕ್ಕ ಉತ್ತರ. ದೇವನೂರ ಮಹಾದೇವರ ‘ಒಡಲಾಳ’ವು ರಂಗಕ್ಕೆ ಬಂದಾಗ ಇವರು ಸಾಕವ್ವನ ಪಾತ್ರವನ್ನು ಧರಿಸಿದರು. ಕಳೆದ ಹುಂಜವನ್ನರಸುವ ಆ ಮುದುಕಿಯ ಮಾತು ಮೈಸೂರು ಸೀಮೆಯದು. ಮಂಡ್ಯದವರ ಕಿವಿಗೆ ಹೊರಗಿನದಲ್ಲ. ಅವಳ ಬೈಗುಳ ನಗೆ ತರಿಸುತ್ತದೆ. ನಗೆಯ ಅಡಿಯಲ್ಲಿಯೇ ಹಸಿವಿದೆ. ಹಾಸ್ಯಕರುಣಗಳೆರಡೂ ಇವರಲ್ಲಿ ಒಂದೇ ಬೇರಿನವು.

ಚಲನಚಿತ್ರರಂಗವಾದರೋ ಬಹುಕಾಲ ಇವರ ವಾಚಿಕವನ್ನೇ ಬಳಸಿಕೊಂಡು ಹಾಸ್ಯಪಾತ್ರಗಳಲ್ಲಿ ಕಟ್ಟಿಹಾಕಿತು. 1995ರ ‘ಪುಟ್ನಂಜ’ದಲ್ಲಿ ನಲವತ್ತು ತುಂಬದ ಇವರು ಅಜ್ಜಿಯಾಗಿ, ಆ ಕಟ್ಟಿನೊಳಗೂ ಪಾತ್ರವನ್ನು ಬೆಳೆಸಿದರು. ವೈದೇಹಿಯವರ ಕಥೆಯನ್ನಾಧರಿಸಿ ಗಿರೀಶ ಕಾಸರವಳ್ಳಿಯವರು 2008ರಲ್ಲಿ ತೆಗೆದ ‘ಗುಲಾಬಿ ಟಾಕೀಸ್’ ಚಿತ್ರದಲ್ಲಿ ಸಾತ್ತ್ವಿಕಾಭಿನಯಕ್ಕೆ ಎಡೆ ದೊರೆಯಿತು. ಕರಾವಳಿಯ ಸೂಲಗಿತ್ತಿ ಗುಲಾಬಿಯ ನೋವು ಮಾತಿಗಿಂತ ಮೌನದಲ್ಲಿ ಹೆಚ್ಚಾಗಿ ವ್ಯಕ್ತವಾಗುತ್ತದೆ. ಶ್ರೇಷ್ಠ ನಟಿಯೆಂಬ ರಾಷ್ಟ್ರಪ್ರಶಸ್ತಿ ಇವರಿಗೆ ಸಂದುದು ಈ ಪಾತ್ರಕ್ಕೆ.

2021ರಲ್ಲಿ ಆರಂಭವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಿಂದ ಇವರು ಮನೆಮನೆಗೂ ಬಂದರು. ದಿನದಿನವೂ ಕಣ್ಣೀರನ್ನು ಬೇಡುವ ಕಥನದಲ್ಲಿ ಕರುಣರಸವು ತೆಳುವಾಗುವ ಅಪಾಯವುಂಟು. ಅಲ್ಲಿ ಪುಟ್ಟಕ್ಕನು ನಿಂತಿರುವುದು ಅಭಿನಯದ ಬಲದಿಂದಲೇ ಹೊರತು ಕಥೆಯ ಬಲದಿಂದಲ್ಲ. ನಟಿಯಲ್ಲಿ ಕೊರತೆಯಿಲ್ಲ, ಅವರ ಶಕ್ತಿಗೆ ತಕ್ಕ ಪಾತ್ರವನ್ನು ಬರೆಯುವ ಹೊಣೆ ಲೇಖಕರದು.