ಮಾರ್ಕ್ ರಾಥ್ಕೊ: ನಿಂತು ನೋಡಬೇಕಾದ ಬಣ್ಣ

ಇಂದಿನ ಲಾಟ್ವಿಯಾದ ದೌಗಾವ್‌ಪಿಲ್ಸ್‌ನಲ್ಲಿ 1903ರಲ್ಲಿ ಯೆಹೂದ್ಯ ಮನೆತನದಲ್ಲಿ ಜನಿಸಿದ ರಾಥ್ಕೊ, 1913ರಲ್ಲಿ ತಾಯಿಯೊಡನೆ ಅಮೆರಿಕ ಸೇರಿದರು. ಮೊದಲೇ ಹೋಗಿದ್ದ ತಂದೆ ಮರುವರ್ಷ ತೀರಿಕೊಂಡರು. ಅವರ ಚಿತ್ರಗಳಲ್ಲಿ ಕಳೆದ ಊರನ್ನು ಹುಡುಕುವ ಆಸೆ, ಊರು ಬಿಟ್ಟು ಬಂದ ನಮ್ಮಂಥವರಿಗೆ ಸಹಜ. ಆದರೆ ಅವರ ಪ್ರೌಢ ಕೃತಿಗಳಲ್ಲಿ ಊರಿಲ್ಲ, ಮನುಷ್ಯರಿಲ್ಲ. ದೊಡ್ಡ ಕ್ಯಾನ್‌ವಾಸಿನ ಮೇಲೆ ಅಂಚು ಮಸುಕಾದ ಎರಡು ಮೂರು ಬಣ್ಣದ ಆಯತಗಳು, ಅಷ್ಟೆ. ಪದರದ ಮೇಲೆ ಪದರವಾಗಿ ತೆಳುವಾಗಿ ಬಳಿದ ಈ ಬಣ್ಣ ನಿಧಾನವಾಗಿ ಒಳಗಿನಿಂದ ಬೆಳಗುವಂಥದು. ಅವಸರದವರಿಗೆ ಅದು ಬರಿಯ ಬಣ್ಣ ಹೊಡೆದ ಗೋಡೆ.

ನ್ಯೂಯಾರ್ಕಿನ ಸಿರಿವಂತರ ಊಟದ ಹೋಟೆಲಿಗೆಂದು 1958ರಲ್ಲಿ ಒಪ್ಪಿಕೊಂಡ ಚಿತ್ರಗಳನ್ನು ಅವರು ಅಲ್ಲಿಗೆ ಕೊಡಲಿಲ್ಲ, ಹಣ ಹಿಂತಿರುಗಿಸಿದರು. ಅವುಗಳಲ್ಲಿ ಒಂಬತ್ತು ಲಂಡನ್ನಿನ ಟೇಟ್ ಸಂಗ್ರಹ ಸೇರಿದವು. 1970ರಲ್ಲಿ ತೀರಿಕೊಂಡ ರಾಥ್ಕೊ ಕಳೆದ ಊರನ್ನು ಬರೆಯಲಿಲ್ಲ. ನೋಡುವವರು ನಿಲ್ಲಲು ಒಂದು ತಾಣ ಮಾಡಿಕೊಟ್ಟರು. ಅದೇ ಅವರ ಹಿರಿಮೆಯೆಂದು ನಮ್ಮ ಅಭಿಪ್ರಾಯ.