ಪರಿತ್ಯಕ್ತ ಮಗ ಮತ್ತು ನ್ಯಾಯಪೀಠ: ಕೆ. ಎ. ಅಬ್ಬಾಸ್ ಚಿತ್ರಕಥೆಗಳಲ್ಲಿ ಜಾನಪದ ಆಶಯ

ಹಿಂದಿ ಚಲನಚಿತ್ರದ ಚರಿತ್ರೆಯನ್ನು ನಟರ, ನಿರ್ದೇಶಕರ ಹೆಸರಿನಲ್ಲಿ ಬರೆಯುವುದು ರೂಢಿ. ಕಥೆ ಕಟ್ಟಿದವರ ನೆಲೆಯಿಂದ ನೋಡಿದರೆ ಅದೇ ಚರಿತ್ರೆ ಬೇರೆಯಾಗಿ ತೋರುತ್ತದೆ. ಖ್ವಾಜಾ ಅಹ್ಮದ್ ಅಬ್ಬಾಸ್ (1914–1987) ಅವರ ಬರವಣಿಗೆ ಇದಕ್ಕೆ ಉತ್ತಮ ನಿದರ್ಶನ.

ಭಾರತೀಯ ಜನನಾಟ್ಯ ಸಂಘಕ್ಕಾಗಿ ಅವರು ನಿರ್ದೇಶಿಸಿದ ‘ಧರ್ತಿ ಕೆ ಲಾಲ್’ (1946) 1943ರ ಬಂಗಾಳದ ಕ್ಷಾಮವನ್ನು ಕುರಿತದ್ದು. ನಗರಕ್ಕೆ ವಲಸೆ ಹೋದ ರೈತರು ಊರಿಗೆ ಮರಳಿ ಸಾಮೂಹಿಕ ಬೇಸಾಯಕ್ಕೆ ತೊಡಗುತ್ತಾರೆ. ಇಲ್ಲಿ ಸಂಕಟವೂ ಪರಿಹಾರವೂ ಸಮುದಾಯಕ್ಕೆ ಸೇರಿದವು.

ಸಂವಿಧಾನ ಜಾರಿಗೆ ಬಂದ ಮರುವರ್ಷ, 1951ರಲ್ಲಿ, ವಿ. ಪಿ. ಸಾಠೆಯವರೊಡನೆ ಬರೆದ ‘ಆವಾರಾ’ ತೆರೆಕಂಡಿತು. ಕಳ್ಳನ ಮಗ ಕಳ್ಳನೇ ಎಂದು ನಂಬಿದ ನ್ಯಾಯಾಧೀಶ ರಘುನಾಥ, ಅಪಹೃತಳಾಗಿ ಮರಳಿದ ಗರ್ಭಿಣಿ ಪತ್ನಿಯನ್ನು ಸಂಶಯದಿಂದ ಹೊರದೂಡುತ್ತಾನೆ. ಸೀತಾ ಪರಿತ್ಯಾಗದ ಈ ಆಶಯವನ್ನು ಪ್ರೇಕ್ಷಕರು ಗುರುತಿಸದಿರಲು ಸಾಧ್ಯವಿಲ್ಲ. ಹೆಸರೇ ಅದನ್ನು ಸೂಚಿಸುತ್ತದೆ. ಆದರೆ ಅಬ್ಬಾಸ್ ಆಶಯವನ್ನು ತಲೆಕೆಳಗು ಮಾಡಿದ್ದಾರೆ. ಪರಂಪರೆಯ ಕಥೆಯಲ್ಲಿ ಕಾಡಿನಲ್ಲಿ ಬೆಳೆದ ಮಕ್ಕಳ ಪರಾಕ್ರಮ ಅವರ ಕುಲವನ್ನು ಸಾರುತ್ತದೆ. ಇಲ್ಲಿ ಕೊಳೆಗೇರಿಯಲ್ಲಿ ಬೆಳೆದ ನ್ಯಾಯಾಧೀಶನ ಮಗ ಕಳ್ಳನಾಗುತ್ತಾನೆ. ಮನುಷ್ಯನನ್ನು ರೂಪಿಸುವುದು ಹುಟ್ಟಲ್ಲ, ಪರಿಸರ ಎಂಬ ಈ ವಾದ ಜಾತಿನಿಷ್ಠ ಸಮಾಜಕ್ಕೆ ಒಡ್ಡಿದ ನೇರ ಸವಾಲು.

ಆದರೂ ಕೃತಿಯೊಳಗೆ ಒಂದು ಬಿರುಕಿದೆ. ತಂದೆಯ ಹೆಸರಿನಿಂದಲೇ ಅಪರಾಧಿಯೆನಿಸಿಕೊಂಡ ಜಗ್ಗನೇ ಈ ವಾದಕ್ಕೆ ಮೊದಲ ಸಾಕ್ಷಿ. ಅವನು ನಾಯಕನ ಕೈಯಲ್ಲಿ ಸಾಯುತ್ತಾನೆ. ನ್ಯಾಯಾಲಯದ ಅನುಕಂಪವೆಲ್ಲ ನ್ಯಾಯಾಧೀಶನ ಮಗನಿಗೆ ಸಲ್ಲುತ್ತದೆ. ಹುಟ್ಟನ್ನು ನಿರಾಕರಿಸಿದ ಕಥೆ ಕೊನೆಗೆ ಹುಟ್ಟಿನ ಗುರುತನ್ನೇ ಆಶ್ರಯಿಸುತ್ತದೆ. ನೆಹರೂ ಯುಗದ ಸುಧಾರಣಾವಾದದ ಮಿತಿಯೂ ಇದೇ.

ಮುಂದೆ ಈ ಬಿರುಕು ಹಿರಿದಾಯಿತು. ಸ್ವತಃ ನಿರ್ದೇಶಿಸಿದ ‘ಶೆಹರ್ ಔರ್ ಸಪ್ನಾ’ (1963) ಚಿತ್ರದಲ್ಲಿ ಮನೆಯಿಲ್ಲದ ದಂಪತಿ ಚರಂಡಿಯ ಕೊಳವೆಯಲ್ಲಿ ಬಾಳುತ್ತಾರೆ. ಅದಕ್ಕೆ ರಾಷ್ಟ್ರಪತಿಗಳ ಸ್ವರ್ಣಪದಕ ಸಂದಿತು. ರಾಜ್ ಕಪೂರ್ ಅವರಿಗಾಗಿ ಬರೆದ ‘ಬಾಬಿ’ (1973) ಚಿತ್ರದಲ್ಲಾದರೋ ವರ್ಗಭೇದವು ಪ್ರೇಮಕ್ಕೆ ಅಡ್ಡಿಯಾಗಿ ಮಾತ್ರ ಉಳಿಯುತ್ತದೆ. ನ್ಯಾಯಪೀಠದ ಸ್ಥಾನದಲ್ಲಿ ಇಬ್ಬರು ತಂದೆಯರ ರಾಜಿಯಿದೆ. ಆಗ ಬದಿಗೆ ಸರಿದ ಪ್ರಶ್ನೆಯನ್ನು ಅಬ್ಬಾಸ್ ತಾವೇ ನಿರ್ದೇಶಿಸಿದ ‘ದಿ ನಕ್ಸಲೈಟ್ಸ್’ (1980) ಚಿತ್ರದಲ್ಲಿ ಮತ್ತೆ ಎತ್ತಿಕೊಂಡರು.

ಒಬ್ಬನೇ ಲೇಖಕನ ಕೃತಿಗಳಲ್ಲಿ ಪರಿಹಾರದ ನೆಲೆ ಸಮುದಾಯದಿಂದ ನ್ಯಾಯಾಲಯಕ್ಕೆ, ಅಲ್ಲಿಂದ ಕುಟುಂಬಕ್ಕೆ ಸರಿದುದನ್ನು ಲೇಖಕನ ರಾಜಿಯೆಂದಷ್ಟೇ ಓದಲಾಗದು. ಜನಪ್ರಿಯ ಚಿತ್ರರಂಗವು ಪ್ರಭುತ್ವದ ಮೇಲಿಟ್ಟಿದ್ದ ಭರವಸೆ ಕುಗ್ಗಿದ ಚರಿತ್ರೆಯೂ ಅದರಲ್ಲಿದೆ. ಜಗ್ಗನಿಗೆ ದೊರೆಯದ ನ್ಯಾಯದಿಂದಲೇ ಆ ಚರಿತ್ರೆಯನ್ನು ಓದಲು ತೊಡಗಬೇಕು.